ಹನಿಸಿ ತಂದ ದ್ವಾದಶಿ

ಕಂಬದ ಬುಡಕ್ಕೆ ಕೈಯಿಟ್ಟ ಕೂಡಲೇ ಮೈಲಾರಪ್ಪನಿಗೆ ತಿಳಿಯಿತು. ಮಣ್ಣು ಬೂದಿಯಂತೆ ಒಣಗಿತ್ತು. ಬಳ್ಳಾರಿಯ ಕೋಟೆ ಗುಡ್ಡದ ಕೆಳಗಿನ ಆ ಓಣಿಯಲ್ಲಿ ಸೋಮವಾರದ ನಡುಮಧ್ಯಾಹ್ನ ಸುಡುತ್ತಿತ್ತು; ಎದುರಿಗಿದ್ದ ವಿಜಯಾಬಾಯಿಯ ಮನೆಯ ಮೇಲೆ ಮಾತ್ರ ಶನಿವಾರದ ಸಂಜೆ ನಿಂತಿತ್ತು. ಹಳದಿ ಬೆಳಕು ಗೋಡೆಗೆ ಅಂಟಿಕೊಂಡು ಅಲ್ಲಾಡದೆ ಇತ್ತು.

ಹೊತ್ತು ಕಟ್ಟುವುದು ಈ ಕಡೆ ಹೊಸದಲ್ಲ. ಉಸಿರು ಕಟ್ಟಿದ ಹಾಗೆ ಅದು. ಎಲ್ಲೋ ಒಂದು ಹೊಲದಲ್ಲಿ, ಒಂದು ಮನೆಯಲ್ಲಿ ಕಾಲ ಮುಂದೆ ಸಾಗದೆ ನಿಂತುಬಿಡುತ್ತದೆ. ಹಾಗಾಗದಿರಲೆಂದೇ ಓಣಿ ಓಣಿಗೆ ಈ ಹೊತ್ತಿನ ಕಂಬಗಳನ್ನು ನಿಲ್ಲಿಸಿದ್ದು. ಎದೆಯೆತ್ತರದ ಕಬ್ಬಿಣ, ಬುಡದಲ್ಲಿ ಇದ್ದಲು, ಉಪ್ಪು, ತಾಮ್ರದ ತಂತಿ. ವಾರಕ್ಕೊಮ್ಮೆ ಉಪ್ಪುನೀರು ಕುಡಿಸಿದರೆ ತನ್ನ ಪಾಲಿನ ಮನೆಗಳನ್ನು ಅದು ಕಾಯುತ್ತದೆ. ಕುರುಗೋಡಿನಿಂದ ಮೊದಲ ಬಸ್ಸಿಗೆ ಬಂದು ಹತ್ತೊಂಬತ್ತು ವರ್ಷದಿಂದ ಮೈಲಾರಪ್ಪ ಮಾಡುತ್ತ ಬಂದದ್ದು ಇದೇ ಕೆಲಸ. ಶಾಲೆ ಬಿಟ್ಟದ್ದು ಎರಡನೇ ಕ್ಲಾಸಿಗೆ. ಆದರೆ ಯಾವ ಕಂಬದ ಬಾಯಾರಿಕೆ ಎಷ್ಟೆಂಬುದು ಅವನ ಕೈಗೆ ಗೊತ್ತು.

ಹೋದ ಶುಕ್ರವಾರ ಮಾತ್ರ ಅವನು ಬಂದಿರಲಿಲ್ಲ. ಸಿರುಗುಪ್ಪದಾಚೆ ರಾರಾವಿಯಲ್ಲಿ ತಂಗಿಯ ಮೊಮ್ಮಗಳನ್ನು ತೊಟ್ಟಿಲಿಗೆ ಹಾಕುವುದಿತ್ತು. ಒಂದು ಸರದಿ ತಪ್ಪಿದರೆ ಏನಾದೀತು ಎಂದುಕೊಂಡಿದ್ದ.

ಕಟ್ಟೆಯ ಮೇಲೆ ಕೂತಿದ್ದ ಶ್ರೀಕೃತಿ ಎದ್ದು ಬಂದಳು. ವಿಜಯಾಬಾಯಿಯ ಮೊಮ್ಮಗಳು, ಹೈಸ್ಕೂಲಿನ ಟೀಚರು. ಅಜ್ಜಿ, ಮೊಮ್ಮಗಳು ಇಬ್ಬರೇ ಆ ಮನೆಯಲ್ಲಿ. ನಿದ್ದೆಗೆಟ್ಟ ಕಣ್ಣಿನಲ್ಲೇ ಅವಳು ಎಲ್ಲವನ್ನೂ ಹೇಳಿದಳು. ಶನಿವಾರ ಏಕಾದಶಿ. ಅಜ್ಜಿಯದು ಗುಟುಕು ನೀರೂ ಇಲ್ಲದ ಉಪವಾಸ, ಐವತ್ತೆರಡು ವರ್ಷದಿಂದ ಒಂದೂ ತಪ್ಪಿಲ್ಲ. ಮರುದಿನ ದ್ವಾದಶಿಯ ಬೆಳಗ್ಗೆ ದೇವರ ತೀರ್ಥ ತಗೊಂಡು ಪಾರಣೆ ಮಾಡಿದ ಮೇಲೆಯೇ ಬಾಯಿಗೆ ನೀರು. ಆದರೆ ಮನೆಯೊಳಗೆ ಆ ಬೆಳಗು ಆಗಲೇ ಇಲ್ಲ. ಹೊತ್ತು ನಿಂತರೂ ಮೈ ನಿಲ್ಲುವುದಿಲ್ಲವಲ್ಲ. ಮೂರನೇ ದಿನದ ಬಾಯಾರಿಕೆ ಅದು. ಹೊರಗೆ ಬಾ ಅಂದರೆ, ಬೀದಿಯಲ್ಲಿ ದ್ವಾದಶಿ ಕಳೆದುಹೋಗಿದೆ, ಹೊಸ್ತಿಲು ದಾಟಿದರೆ ವ್ರತ ಕೆಟ್ಟಿತು ಎನ್ನುತ್ತಾಳಂತೆ. ಭಾನುವಾರ ಕಂಬಗಳ ಕಚೇರಿಯಲ್ಲಿ ಯಾರೂ ಫೋನು ಎತ್ತಿರಲಿಲ್ಲ. ಇವತ್ತು ಎತ್ತಿದವರು, ಆಳು ಬಂದೊಡನೆ ಎರಡು ಕೊಡ ನೀರು ಒಮ್ಮೆಲೇ ಹೊಯ್ಯಿಸಿ, ಎಲ್ಲ ಸರಿಹೋಗುತ್ತದೆ ಎಂದಿದ್ದರು.

ಮೈಲಾರಪ್ಪ ನೀರಿಗೆ ಉಪ್ಪು ಕಲಸಿದ, ಆದರೆ ಕೊಡ ಎತ್ತಲಿಲ್ಲ. ಒಮ್ಮೆಲೇ ಹೊಯ್ದರೆ ಕಟ್ಟಿದ ಹೊತ್ತು ಬೀದಿಯ ಹೊತ್ತಿಗೆ ಜಿಗಿಯುತ್ತದೆ. ನಡುವಿನ ರಾತ್ರಿ, ಬೆಳಗು ಯಾವುದೂ ಆ ಮನೆಯ ಪಾಲಿಗಿಲ್ಲ. ಹನಿಸಿದರೆ ಹರಿಯುತ್ತದೆ. ಸಂಜೆ ಕಳೆದು ರಾತ್ರಿ, ರಾತ್ರಿ ಕಳೆದು ಬೆಳಗು, ಎಲ್ಲವೂ ಸಣ್ಣದಾಗಿ, ಸಾಲಾಗಿ ಬರುತ್ತವೆ. ಕುಡತಿನಿಯ ಹೊಲವೊಂದರಲ್ಲಿ ಅವನೇ ಒಮ್ಮೆ ಹಾಗೆ ಮಾಡಿ ನೋಡಿದ್ದ. ಆದರೆ ಬೆಳಗಾಗಲು ಮೂರು ತಾಸು ಬೇಕು. ಆ ಜೀವ ಅಲ್ಲಿಯತನಕ ತಡೆದೀತೆ?

ಚಪ್ಪಲಿ ಬಿಟ್ಟು ಹೊಸ್ತಿಲ ಬಳಿ ಹೋಗಿ ನಿಂತ. ಒಳಗೆ ವಿಜಯಾಬಾಯಿ ಬರಿ ನೆಲದ ಮೇಲೆ ಪಡಸಾಲೆಯ ಮರದ ಕಂಬಕ್ಕೆ ಒರಗಿದ್ದಳು. ತುಟಿ ಒಡೆದು ರಕ್ತ ಕಟ್ಟಿತ್ತು.

"ಬಾಯಾರ, ಶುಕ್ರವಾರ ನೀರು ಹಾಕಾಕ ನಾ ಬರಲಿಲ್ರಿ. ತಪ್ಪು ನಂದೈತಿ."

ಆಕೆ ಕಣ್ಣು ತೆರೆಯದೆಯೇ ಅಂದಳು, "ತಪ್ಪು ಆಮ್ಯಾಲೆ ನೋಡೋಣಂತ. ದ್ವಾದಶಿ ಎಲ್ಲಿತನಕ ಬಂದದ, ಅದನ್ನ ಹೇಳು."

ಅವನು ಎರಡೂ ದಾರಿ ಬಿಡಿಸಿ ಹೇಳಿದ. "ಹೊಯ್ದ್ರ ಈಗ್ಲೇ ನೀರು ಕುಡೀಬಹುದ್ರಿ, ದ್ವಾದಶಿ ಸಿಗಂಗಿಲ್ಲ. ಹನಿಸಿದ್ರ ಸಿಗತೈತಿ, ಮೂರು ತಾಸು ತಡೀಬೇಕು."

"ಹೊಯ್ರಿ," ಎಂದಳು ಶ್ರೀಕೃತಿ. "ಅಜ್ಜಿ, ಜೀವಕ್ಕಿಂತ ತಿಥಿ ದೊಡ್ಡದೇನು?"

"ನಿಮ್ಮ ಸಾಲ್ಯಾಗ ಪರೀಕ್ಷಾಕ್ಕ ಹುಡುಗರನ್ನ ಮೂರು ತಾಸು ಕೂಡಸ್ತೀರಲ್ಲ, ಹಂಗ ಅನಕೋ." ಉಸಿರು ಸಾಲದೆ ಆಕೆ ತಡೆದಳು. "ಹನಸೋ ಮೈಲಾರಪ್ಪ."

ಅವನು ಕಂಬದ ಬುಡದಲ್ಲಿ ಕುಕ್ಕರಗಾಲಿನಲ್ಲಿ ಕೂತು, ಚೊಂಬಿನಲ್ಲಿ ಬೆರಳದ್ದಿ ಹನಿಸತೊಡಗಿದ. ಮೊದಲು ಗೋಡೆಯ ಹಳದಿ ಬೆಳಕು ಸಡಿಲಿತು, ಮೇಲೇರಿ ಮಾಯವಾಯಿತು. ಆ ಒಂದು ಮನೆಯ ಮೇಲೆ ಕತ್ತಲು ಕೂತಿತು. ತರಕಾರಿ ಗಾಡಿಯವನು ಬಿಸಿಲಿನಲ್ಲಿ ದಾಟಿ ಹೋಗುತ್ತ ಒಮ್ಮೆ ನೋಡಿದ, ನಿಲ್ಲಲಿಲ್ಲ. ಒಳಗೆ ಶ್ರೀಕೃತಿ ಗಳಿಗೆಗೊಮ್ಮೆ "ಅಜ್ಜಿ" ಎನ್ನುತ್ತಿದ್ದಳು. "ಹಂ" ಎಂದು ಉತ್ತರ ಬರುತ್ತಿತ್ತು. ಎರಡನೇ ತಾಸಿನ ಹೊತ್ತಿಗೆ ಆ ದನಿ ಸಣ್ಣದಾಯಿತು. ಆಮೇಲೊಮ್ಮೆ ಬರಲೇ ಇಲ್ಲ.

ಶ್ರೀಕೃತಿ ಹೊಸ್ತಿಲಿಗೆ ಓಡಿ ಬಂದಳು. "ಸಾಕು. ಹೊಯ್ದುಬಿಡ್ರಿ, ನಿಮಗ ಕೈ ಮುಗೀತೀನಿ."

ಮೈಲಾರಪ್ಪನ ಕೈ ಕೊಡದ ಕಂಠ ಹಿಡಿಯಿತು. ಹೊಯ್ದರೆ ಆಕೆಯ ಐವತ್ತೆರಡು ವರ್ಷ ತನ್ನಿಂದ ಹೋಯಿತು; ಹೊಯ್ಯದಿದ್ದರೆ ಜೀವವೇ ಹೋಯಿತೇನೋ. ಜೀವ ದೊಡ್ಡದು ಅನ್ನಿಸಿತು. ಕೊಡ ನೆಲ ಬಿಟ್ಟು ಮೇಲೆದ್ದಿತ್ತು.

"ಶ್ರೀ," ಎಂದಿತು ಒಳಗಿನ ಕತ್ತಲು. "ಬೆಳ್ಳಿ ಮೂಡೇದೇನು ನೋಡು."

ಶ್ರೀಕೃತಿ ಅಂಗಳದಲ್ಲಿ ನಿಂತು ಕತ್ತೆತ್ತಿದಳು. ಮನೆಯಗಲದ ಆ ಆಕಾಶದಲ್ಲಿ ಮೂಡಣ ದಿಕ್ಕಿಗೆ ಒಂದೇ ಒಂದು ಚುಕ್ಕಿ ಉರಿಯುತ್ತಿತ್ತು. ಮೈಲಾರಪ್ಪ ಕೊಡವನ್ನು ಸದ್ದಾಗದಂತೆ ಇಳಿಸಿ ಮತ್ತೆ ಬೆರಳದ್ದಿದ.

ಬೀದಿಯಲ್ಲಿ ನಾಲ್ಕು ಗಂಟೆಯಾಗಿರಬೇಕು, ಒಳಗೆ ಬೆಳಗಾಯಿತು. ಪೂಜೆಯ ಗಂಟೆಯ ಸದ್ದು ಕೇಳಿತು, ಬಹಳ ಹೊತ್ತಲ್ಲ. ಆಮೇಲೆ ಏನೂ ಇಲ್ಲ. ಅವನು ಕಿವಿಯಾಗಿ ಕೂತ. ತಾಮ್ರದ ಪಾತ್ರೆ ನೆಲಕ್ಕೆ ತಾಗಿದ ಸದ್ದು. ಅದರ ಹಿಂದೆಯೇ ಒಣಗಿದ ಗಂಟಲೊಂದು ನೀರು ನುಂಗಿದ ಸದ್ದು. ಒಮ್ಮೆ. ತಡೆದು, ಇನ್ನೊಮ್ಮೆ.

ಶ್ರೀಕೃತಿ ಸೆರಗಿನಿಂದ ಮುಖ ಒರೆಸಿಕೊಳ್ಳುತ್ತ ಹೊರಗೆ ಬಂದಳು. ಅವನ ಕಡೆ ನೋಡಲಿಲ್ಲ. ಬಾಗಿಲ ಮುಂದೆ ನೀರು ಚಿಮುಕಿಸಿ, ಬಗ್ಗಿ, ಚುಕ್ಕಿಯಿಟ್ಟು ರಂಗೋಲಿ ಎಳೆಯತೊಡಗಿದಳು. ಅರ್ಧ ರಂಗೋಲಿಯ ಮೇಲೆ ದ್ವಾದಶಿಯ ಎಳೆಬಿಸಿಲಿತ್ತು, ಅರ್ಧದ ಮೇಲೆ ಸೋಮವಾರದ ಇಳಿಬಿಸಿಲು. ಉಪ್ಪಿಗೆ ಬಿರಿದ ಬೆರಳನ್ನು ಪಂಚೆಗೆ ಒರೆಸಿ, ಮೈಲಾರಪ್ಪ ಚೊಂಬನ್ನು ಇನ್ನೊಂದು ಕೈಗೆ ಬದಲಾಯಿಸಿದ. ಹನಿಸುವುದಕ್ಕೆ ಆ ಮನೆಯ ಹಗಲು ಇನ್ನೂ ಪೂರಾ ಉಳಿದಿತ್ತು.