ಕೆಮ್ಮಿನ ಜಾಗ

ಪರದೆಯ ಮೇಲೆ ತಾಯಿ ಸತ್ತ ಮಗನ ಚಪ್ಪಲಿಯನ್ನು ನಾಲ್ಕನೆಯ ಸಲ ತಿರುವಿ ನೋಡುತ್ತಿದ್ದಾಳೆ, ಅವಳ ಗ್ಲಿಸರಿನ್ ಕಣ್ಣೀರಿಗೆ ನಲವತ್ತೆರಡು ಸೆಕೆಂಡು, ಅಷ್ಟನ್ನು ನಾನು ಸಂಗೀತದಿಂದ ತುಂಬಬೇಕು, ಆದರೆ ಅದಾಗಲೇ ತುಂಬಿದೆ — ಸಂಕಲನಕಾರ ಯಾವುದೋ ಹಳೆಯ ಪಿಟೀಲನ್ನು ತಾತ್ಕಾಲಿಕವಾಗಿ ಹಾಸಿಟ್ಟಿದ್ದಾನೆ, ಈಗಿನ ಪದ್ಧತಿಯೇ ಅದು, ಇನ್ನೊಬ್ಬರದಕ್ಕೆ ಕಿವಿಯನ್ನು ಒಗ್ಗಿಸಿಕೊಂಡು ಆಮೇಲೆ ನಮ್ಮನ್ನು ಕರೆದು ಅದರ ನೆರಳನ್ನು ಬೇಡುವುದು, ಇದೇ ಥರ ಬೇಕು ಸಾರ್, ಆದ್ರೆ ಇದೇ ಆಗ್ಬಾರ್ದು, ನಾಳೆ ಯಾರಾದ್ರೂ ಕೇಸ್ ಹಾಕಿದ್ರೆ ಕಷ್ಟ, ನಿರ್ದೇಶಕನ ನಗೆ, ಸಂಜೆಯೊಳಗೆ ನಿಮ್ಮ ಕೈಲಿ ಆಗುತ್ತಲ್ವಾ? ಆಗುತ್ತದೆಯೇ! ಮೂವತ್ತೊಂದು ವರ್ಷ ಧಾರಾವಾಹಿಯ ಅತ್ತೆಯರ ಹುಬ್ಬು ಏರಿದಾಗಲೆಲ್ಲ ಢಣ್ ಎಂದು ಬಾರಿಸುತ್ತ ಸವೆದವನು ನಾನು, ಅದಕ್ಕೂ ಮೊದಲು, ದೊಡ್ಡ ಸಂಗೀತ ನಿರ್ದೇಶಕರೊಬ್ಬರ ಸಹಾಯಕನಾಗಿದ್ದಾಗ, ಈ ಪಿಟೀಲಿನ ಸ್ವರಪಂಕ್ತಿಯನ್ನು ಬರೆದವನೂ ನಾನೇ ಕಣಯ್ಯಾ, ಹೆಸರು ಮಾತ್ರ ಯಜಮಾನರದು, ನುಡಿಸಿದವರು ನನ್ನ ಅಪ್ಪ — ಎಂದರೆ ನಂಬುವವರಾರು, ಇರಲಿ, ಸಾಕ್ಷಿಯಿದೆ, ಇಪ್ಪತ್ತೆಂಟನೆಯ ಸೆಕೆಂಡಿನಲ್ಲಿ, ಅಪ್ಪನ ಕೆಮ್ಮು, ಅಂದು ರೆಕಾರ್ಡಿಂಗ್ ಕೋಣೆಯ ಗಾಜಿನ ಈಚೆ ನಾನು, ಆಚೆ ಜ್ವರದ ಕಣ್ಣಿನ ಅಪ್ಪ, ನಾದ ಅಂದ್ರೆ ಪೂಜೆ ಕಣೋ, ಅರ್ಧಕ್ಕೆ ಏಳಬಾರ್ದು ಎನ್ನುತ್ತಿದ್ದವರು, ಕೆಮ್ಮು ಬಂದೊಡನೆ ಕಮಾನನ್ನು ತಂತಿಯಿಂದೆತ್ತಿ, ಗಾಳಿಯಲ್ಲಿ ಹಿಡಿದು, ಕೆಮ್ಮಿ, ಮತ್ತೆ ಅದೇ ಸ್ವರದ ಮೇಲೆ ಇಳಿಸಿದರು, ಶ್ರುತಿ ಕೂದಲೆಳೆಯಷ್ಟೂ ಸರಿಯಲಿಲ್ಲ, ದೇವರೇ, ಅದಕ್ಕೆ ಕೈಮುಗಿಯಬೇಕಿದ್ದ ನಾನು, ಪಾಪಿ, ಎಲ್ಲರೆದುರು ಮೈಕಿನಲ್ಲಿ, ಏನಪ್ಪಾ, ಎರಡು ನಿಮಿಷ ಕೆಮ್ಮು ತಡ್ಕೊಳ್ಳೋಕಾಗಲ್ವಾ? ಅಪ್ಪನ ಕಮಾನು ಮತ್ತೆ ಗಾಳಿಯಲ್ಲಿ, ತಪ್ಪಾಯ್ತು, ಇನ್ನೊಂದ್ಸಲ ನುಡಿಸ್ಲಾ, ಹೆತ್ತ ಮಗನಿಗೆ ತಪ್ಪಾಯ್ತು ಎಂದರು, ಸಾಕು ಬಿಡೋ, ಯಾರಿಗೆ ಕೇಳ್ಸುತ್ತೆ ಎನ್ನುತ್ತ ಯಜಮಾನರು ಎದ್ದರು, ಆ ಇನ್ನೊಂದು ಸಲ ಅಪ್ಪನಿಗೆ ಮತ್ತೆ ಬರಲೇ ಇಲ್ಲ — ನಿಲ್ಸಿ, ಇಪ್ಪತ್ತೆಂಟಕ್ಕೆ ಹೋಗಿ, ಜೋರಾಗಿ ಹಾಕ್ರೀ, ನನ್ನ ದನಿಗೆ ನಿರ್ದೇಶಕ ಬೆಚ್ಚುತ್ತಾನೆ, ಈ ಕೆಮ್ಮು ಕೇಳಿ, ಇದು ನಮ್ಮಪ್ಪ, ಇದು ನಂದು, ನಂದು ಕಣ್ರೀ, — ಯಾವ ಕೆಮ್ಮು ಸಾರ್? ಓ ಅದಾ, ಸಂಕಲನಕಾರ ಹೆಮ್ಮೆಯಿಂದ ಕುರ್ಚಿ ತಿರುಗಿಸುತ್ತಾನೆ, ಕ್ಲೀನ್ ಮಾಡ್ಬಿಟ್ಟೆ, ಒಂದು ಬಟನ್ ಅಷ್ಟೇ, ಈಗ ಕೇಳಿ, ಎಷ್ಟು ಚೆನ್ನಾಗಿದೆ — ಪಿಟೀಲು ಏರುತ್ತದೆ, ಇವನ ಕತ್ತಿನ ಪಟ್ಟಿ ಹಿಡಿಯಲೆಂದು ಎದ್ದ ಕೈ ಎದ್ದಲ್ಲೇ, ಏಕೆಂದರೆ ಅಂದು ಗಾಜಿನ ಈಚೆಯಿಂದ ನಾನು ಬೇಡಿದ್ದೂ ಇದನ್ನೇ, ಕೆಮ್ಮದ ಅಪ್ಪನನ್ನು, ಇಗೋ ಕೊಟ್ಟರು, ಇಪ್ಪತ್ತೇಳು, ಇಪ್ಪತ್ತೆಂಟು, ಕೆಮ್ಮಿನ ಜಾಗದಲ್ಲಿ ಸದ್ದಿಲ್ಲ, ಉಸಿರಿಲ್ಲ, ಬರೀ ಕಮಾನು, ಗಾಳಿಯಲ್ಲಿ, ಇಳಿಯದ ಕಮಾನು