ತಪ್ಪಿಲ್ಲದ ಪ್ರಮಾಣಪತ್ರ

ನೆಲಿದಾ ವಿಲ್ತೆ ಎರಡು ವರ್ಷ ತಾರಿಹಾ ಊರಿನ ರೈತರ ಮಾರುಕಟ್ಟೆಗೆ ಅಲೆದಳು. ಕೊಳ್ಳುವುದಕ್ಕಲ್ಲ, ನೋಡುವುದಕ್ಕೆ. ಆಲೂಗಡ್ಡೆ, ಈರುಳ್ಳಿ, ಒಣಮಾಂಸ ಮಾರುವ ಹೆಂಗಸರ ಸಂಘ ಪ್ರತಿ ಗುರುವಾರ ಅಲ್ಲಿ ಸಭೆ ಸೇರುತ್ತಿತ್ತು. ತಡವಾಗಿ ಬಂದವಳಿಗೆ ದಂಡ, ಒಂದೇ ಮಾತನ್ನು ಎರಡು ಸಲ ಆಡಿದವಳಿಗೂ ದಂಡ. ಮುಕ್ಕಾಲು ಗಂಟೆಯೊಳಗೆ ಎಲ್ಲ ತೀರ್ಮಾನವಾಗಿ ಹೆಂಗಸರು ತಂತಮ್ಮ ಮೂಟೆಗಳ ಹಿಂದೆ ಕುಳಿತಿರುತ್ತಿದ್ದರು. ನೆಲಿದಾ ಇದನ್ನೆಲ್ಲ ಬರೆದುಕೊಂಡು, ಇಪ್ಪತ್ತೆರಡು ಪುಟದ ಪ್ರಬಂಧ ಮಾಡಿ, ಆಂಡೀಸ್ ನಿರ್ವಹಣಾಶಾಸ್ತ್ರ ಸಂಘದ ವಾರ್ಷಿಕ ಸಮ್ಮೇಳನಕ್ಕೆ ಕಳಿಸಿದಳು.

ಅವಳಿಗೆ ಈ ಪ್ರಬಂಧದಿಂದ ಆಗಬೇಕಾದದ್ದು ಕೀರ್ತಿಯಲ್ಲ. ತಾರಿಹಾದ ಒಂದು ಕಾಲೇಜಿನಲ್ಲಿ ಅವಳು ಹನ್ನೊಂದು ವರ್ಷದಿಂದ ಒಂದೇ ದರ್ಜೆಯಲ್ಲಿ ಪಾಠ ಮಾಡುತ್ತಿದ್ದಳು. ಮೇಲಿನ ದರ್ಜೆಗೆ ಏರಲು ಬೇಕಾದ ಕಾಗದಗಳೆಲ್ಲ ಕಡತದಲ್ಲಿದ್ದವು, ಒಂದರ ಹೊರತು: ದೇಶದೇಶಗಳ ವಿದ್ವಾಂಸರ ಮುಂದೆ ಪ್ರಬಂಧ ಮಂಡಿಸಿದ್ದಕ್ಕೆ ಪ್ರಮಾಣಪತ್ರ.

ಆ ಸಂಘ ಐದು ದೇಶಗಳ ಪ್ರೊಫೆಸರುಗಳು ಸೇರಿ ಕಟ್ಟಿದ್ದು. ಕಂಪನಿ ಹೇಗೆ ನಡೆಯಬೇಕು, ಸರ್ಕಾರಿ ಕಚೇರಿ ಹೇಗೆ ನಡೆಯಬೇಕು, ಒಂದು ಕಾಗದ ಈ ಮೇಜಿನಿಂದ ಆ ಮೇಜಿಗೆ ಹೇಗೆ ಬೇಗ ಹೋಗಬೇಕು ಎಂದು ಊರಿಗೆಲ್ಲ ಹೇಳಿಕೊಡುವ ಜನ. ಅವರ ಸ್ವಂತ ಸಭೆ ಮಾತ್ರ ಹೇಳಿದ ಹೊತ್ತಿಗೆ ಒಮ್ಮೆಯೂ ಶುರುವಾದದ್ದಿಲ್ಲ. ಅಧ್ಯಕ್ಷರು ಡಾಕ್ಟರ್ ಫುಲ್ಜೆನ್ಸಿಯೋ ಆರ್ತೆಚೆ. ಕಚೇರಿ ಕೆಲಸಗಳನ್ನು ಸರಳಗೊಳಿಸುವುದರ ಬಗ್ಗೆ ಏಳು ಪುಸ್ತಕ ಬರೆದವರು. ಏಳನೆಯದಕ್ಕೆ ಆರುನೂರು ಪುಟ.

ಆ ವರ್ಷ ಸಮ್ಮೇಳನ ಸೂಕ್ರೆ ನಗರದಲ್ಲಿ. ನೆಲಿದಾ ಬಸ್ಸಿಳಿದು, ಮುಖ ತೊಳೆದು, ಹಳೆಯ ಮಠವೊಂದರ ಬಿಳಿ ಗೋಡೆಯ ಸಭಾಂಗಣಕ್ಕೆ ಬಂದಾಗ ಅವಳ ಕೈಗೆ ಒಂದು ಚೀಲ ಬಂತು. ಅದರೊಳಗೆ ಬರೆಯದ ಪೆನ್ನು, ಓದಲಾಗದಷ್ಟು ಸಣ್ಣ ಅಕ್ಷರದ ಕಾರ್ಯಕ್ರಮ ಪಟ್ಟಿ. ಅವಳ ಸರದಿ ಎರಡನೆಯ ದಿನ ಹತ್ತೂವರೆಗೆ, ಅಂದರೆ ಅಂಗಳದಲ್ಲಿ ಬಿಸಿ ಸಾಲ್ತೆನ್ಯಾ ಬರುವ ಹೊತ್ತಿಗೆ. ಒಳಗೆ ಮಾಂಸದ ರಸ ತುಂಬಿ ಬೇಯಿಸಿದ ಆ ಕಡುಬು ಆರಿದರೆ ಕೆಟ್ಟಿತು. ಅದು ಸೂಕ್ರೆಯಲ್ಲಿ ಹಸುಗೂಸಿಗೂ ಗೊತ್ತಿರುವ ವಿಷಯ, ಪ್ರೊಫೆಸರುಗಳಿಗೆ ಗೊತ್ತಿರದೇ? ಅವಳ ಜೊತೆ ಮಂಡಿಸಬೇಕಿದ್ದ ಇಬ್ಬರು ಬರಲೇ ಇಲ್ಲ. ಕೋಣೆಯಲ್ಲಿದ್ದವರು ಗೋಷ್ಠಿಯ ಅಧ್ಯಕ್ಷೆ, ಗೋಡೆಯ ಪಕ್ಕ ಫೋನು ಚಾರ್ಜಿಗಿಟ್ಟು ಕಾಯುತ್ತಿದ್ದ ಒಬ್ಬ ಮುದುಕ, ಅಷ್ಟೇ. ನೆಲಿದಾ ಇಪ್ಪತ್ತು ನಿಮಿಷ ಮಾತಾಡಿದಳು, ಒಂದು ವಾಕ್ಯವನ್ನೂ ಬಿಡಲಿಲ್ಲ. ಕೊನೆಗೆ ಮುದುಕ ಕೈಯೆತ್ತಿದ.

"ತಡವಾಗಿ ಬಂದ್ರೆ ದಂಡ ಅಂದ್ರಲ್ಲ ತಾಯಿ, ಅದು ಬಹಳ ಒಳ್ಳೇದು. ನಮ್ಮ ಸಂಘದಲ್ಲೂ ಒಂದ್ಸಲ ಹೇಳಿದ್ದೆ."

"ಏನಾಯ್ತು?"

"ಆ ಸಭೆಗೆ ಯಾರೂ ಬರ್ಲಿಲ್ಲ."

ಮೂರನೆಯ ದಿನ ಮಧ್ಯಾಹ್ನ ಪ್ರಮಾಣಪತ್ರಗಳನ್ನು ಹಂಚಿದರು. ಮೂರು ದಿನ ಖಾಲಿ ಹೊಡೆಯುತ್ತಿದ್ದ ಮಠ ಅರ್ಧ ಗಂಟೆಯಲ್ಲಿ ತುಂಬಿತು. ತಾರಿಹಾದಿಂದ ಬಂದಿದ್ದ ಅವಳ ಕಾಲೇಜಿನ ಡೀನ್, ಡಾಕ್ಟರ್ ಗುವಾಲ್ಬೆರ್ತೋ ರುಯಿಲೋಬಾ, ಸಾಲಿನ ಮುಂದೆಯೇ ನಿಂತಿದ್ದರು. ಮೊದಲ ದಿನ ಅವರು ಊರಾಚೆಯ ಬಂಡೆಯ ಮೇಲಿನ ಡೈನೋಸಾರಿನ ಹೆಜ್ಜೆಗಳನ್ನು ನೋಡಿ ಬಂದಿದ್ದರು, ಎರಡನೆಯ ದಿನ ಕಾಲುನೋವೆಂದು ಹೋಟೆಲಿನಲ್ಲಿ ಮಲಗಿದ್ದರು. ಅವರ ಪತ್ರದಲ್ಲಿ 'ಪ್ರಬಂಧ ಮಂಡಿಸಿದರು' ಎಂದಿತ್ತು. ನೆಲಿದಾಳ ಪತ್ರದಲ್ಲಿ 'ಹಾಜರಿದ್ದರು' ಎಂದಿತ್ತು.

ಅವಳು ಎರಡೆರಡು ಸಲ ಓದಿದಳು. ಪತ್ರ ಹಂಚುತ್ತಿದ್ದ ಮೇಜಿಗೆ ಮರಳಿ ಹೋಗಿ ತೋರಿಸಿದಳು. ಮೇಜಿನ ಹಿಂದಿದ್ದ ಹುಡುಗಿ ಕಾರ್ಯದರ್ಶಿಯತ್ತ ಬೆರಳು ತೋರಿಸಿದಳು.

ಕಾರ್ಯದರ್ಶಿ ಇಂಜಿನಿಯರ್ ಸೆನೋನ್ ಬಾಸ್ಕೋಪೆ ಮೊದಲು ಅವಳ ಪತ್ರವನ್ನು, ಆಮೇಲೆ ಪ್ರಮಾಣಪತ್ರಗಳ ಪಟ್ಟಿಯನ್ನು ನೋಡಿದರು.

"ಪಟ್ಟೀಲಿ ಹಾಜರಿ ಅಂತಾನೇ ಇದೆಯಲ್ಲ ಮೇಡಂ."

"ನಾನು ಮಂಡಿಸಿದ್ದೀನಿ ಇಂಜಿನಿಯರ್ ಸಾಹೇಬ್ರೇ. ಗೋಷ್ಠಿ ಅಧ್ಯಕ್ಷೆಯನ್ನ ಕೇಳಿ."

"ಕೇಳಬಹುದು. ಆದ್ರೆ ಪಟ್ಟಿ ಸಮ್ಮೇಳನಕ್ಕೆ ಮುಂಚೇನೇ ಮುಚ್ಚಿಬಿಟ್ವಿ. ಆಮೇಲೆ ನಡೆದದ್ದು ಪಟ್ಟಿಗೆ ಬರಲ್ಲ."

"ನಡೆಯೋಕೆ ಮುಂಚೆ ಬರೆದ ಪಟ್ಟಿ ಸರಿ, ನಡೆದದ್ದು ತಪ್ಪು ಅಂತೀರಾ?"

"ತಪ್ಪು ಅಂತ ನಾನೆಲ್ಲಂದೆ? ಪಟ್ಟೀಲಿಲ್ಲ ಅಂದೆ, ಅಷ್ಟೇ. ಅಧ್ಯಕ್ಷರನ್ನ ನೋಡಿ."

ಅಧ್ಯಕ್ಷರು ಕಾಫಿ ಕುಡಿಯುತ್ತ ನಾಲ್ಕು ಜನರಿಗೆ ಏನೋ ವಿವರಿಸುತ್ತಿದ್ದರು. ನೆಲಿದಾಳ ಮಾತನ್ನು ತಲೆ ಆಡಿಸುತ್ತ ಪೂರ್ತಿ ಕೇಳಿದರು. ಅವರು ಕೆಟ್ಟವರಲ್ಲ. ಯಾರ ಮಾತನ್ನಾದರೂ ಪೂರ್ತಿ ಕೇಳುತ್ತಿದ್ದರು, ಅಲ್ಲಿಗೆ ಅವರ ಪಾಲಿನ ಕೆಲಸ ಮುಗಿಯುತ್ತಿತ್ತು.

"ನೋಡಮ್ಮ, ಇದು ನಿನ್ನೊಬ್ಬಳ ಪ್ರಶ್ನೆಯಲ್ಲ. ಒಂದು ಕಾಗದ ತಿದ್ದಿಕೊಟ್ರೆ ರೋಗದ ಲಕ್ಷಣಕ್ಕೆ ಮದ್ದು ಕೊಟ್ಟ ಹಾಗೆ. ನಾವು ಮೂಲಕ್ಕೇ ಹೋಗ್ಬೇಕು."

"ಮೂಲಕ್ಕೆ ನಿಧಾನವಾಗಿ ಹೋಗಿ ಸಾರ್. ನನಗೆ ಸಂಜೆ ಬಸ್ಸಿದೆ. ಈ ಒಂದು ಕಾಗದ ತಿದ್ದಿಕೊಡಿ."

"ಆತುರ ಬೇಡಮ್ಮ," ಎಂದು ಅಧ್ಯಕ್ಷರು ಅವಳ ಭುಜ ತಟ್ಟಿದರು. "ನಾಲ್ಕು ಗಂಟೆಗೆ ಮಹಾಸಭೆ ಇದೆ. ಈ ವಿಷಯ ಅಲ್ಲೆತ್ತಿ ಒಂದು ಸಮಿತಿ ಮಾಡೋಣ."

ಸಮಿತಿ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ಇಲ್ಲಿ ಕಾಯುವುದು ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತೆ ಎಂದು ಅವಳಿಗೆ ಖಚಿತವಾಯಿತು. ಹೊರಗೆ ಬಂದು ಕಲ್ಲುಬೆಂಚಿನ ಮೇಲೆ ಕುಳಿತಳು. ಅಳು ಬರಲಿಲ್ಲ, ಸಿಟ್ಟೇ ಬಂತು. ಕೈಯಲ್ಲಿದ್ದ ಪತ್ರವನ್ನು ಹರಿದುಹಾಕಬೇಕೆಂದು ತಿರುಗಿಸಿದಾಗ ಕೆಳಗಿನ ಮೂಲೆಯಲ್ಲಿ ಇರುವೆಗಾತ್ರದ ಅಕ್ಷರಗಳು ಕಂಡವು: ಮುದ್ರಣಾಲಯದ ಹೆಸರು, ಬೀದಿ.

ನ್ಯಾಯಾಲಯದ ಹಿಂದಿನ ಬೀದಿಯಲ್ಲಿ, ಎರಡು ಯಂತ್ರಗಳಿದ್ದ ಪುಟ್ಟ ಅಂಗಡಿ. ಯಜಮಾನ ದೋನ್ ಉಬಾಲ್ದೋ ಅರವತ್ತರ ಆಸುಪಾಸಿನವರು, ಕನ್ನಡಕವನ್ನು ಹಣೆಗೇರಿಸಿಕೊಂಡೇ ಎಲ್ಲವನ್ನೂ ಓದುವವರು. ಅವಳ ಕಥೆಯನ್ನು ಅರ್ಧ ಕೇಳಿ ಕಂಪ್ಯೂಟರಿನತ್ತ ತಿರುಗಿದರು.

"ಹೆಸರು ಇದೇ ತಾನೇ? ಹಾಜರಿದ್ದರು ತೆಗೀತೀನಿ, ಮಂಡಿಸಿದರು ಹಾಕ್ತೀನಿ. ಪ್ರಬಂಧದ ಹೆಸರು ಹೇಳಿ ಡಾಕ್ಟ್ರೇ."

"ಹಾಗೆಲ್ಲ ಮಾಡ್ಬಹುದಾ ದೋನ್ ಉಬಾಲ್ದೋ? ಅಧ್ಯಕ್ಷರ ಸಹಿ..."

"ಸಹಿ ಇಲ್ಲೇ ಇದೆ, ಫೈಲಲ್ಲಿ. ಈ ವಾರ ಮುನ್ನೂರ ಹನ್ನೆರಡು ಸಲ ನಾನೇ ಹಾಕಿದೀನಿ. ಅವರಿಗಿಂತ ಚೆನ್ನಾಗೇ ಹಾಕ್ತೀನಿ. ನೀವು ನಿಜವಾಗ್ಲೂ ಮಾತಾಡಿದ್ರೋ ಇಲ್ವೋ?"

"ಮಾತಾಡಿದೆ."

"ಹಾಗಾದ್ರೆ ಆ ಮುನ್ನೂರರಲ್ಲಿ ಅರ್ಧಕ್ಕಿಂತ ನಿಮ್ದೇ ವಾಸಿ."

ನೆಲಿದಾ ಕಾರ್ಯಕ್ರಮ ಪಟ್ಟಿಯನ್ನು ತೆಗೆದು, ತನ್ನ ಹೆಸರನ್ನೂ ಪ್ರಬಂಧದ ಹೆಸರನ್ನೂ ತೋರಿಸಿದಳು. ಅವರು ಕೇಳಿರಲಿಲ್ಲ, ತೋರಿಸದೆ ಇದ್ದರೆ ಅವಳಿಗೆ ಸಮಾಧಾನವಿರುತ್ತಿರಲಿಲ್ಲ. ಉಬಾಲ್ದೋ ತಲೆ ಆಡಿಸಿ, ಪರದೆಯ ಮೇಲೆ ಬೆರಳಿಟ್ಟರು.

"ಇಲ್ನೋಡಿ. ಸಂಘದ ಹೆಸರಲ್ಲೇ ಒಂದು ಅಕ್ಷರ ನುಂಗಿದ್ದಾರೆ. ನಿರ್ವಹಣೆ ಅನ್ನೋ ಕಡೆ ಅದ್ಮಿನಿಸ್ತ್ರಾಸಿಯೋನ್ ಅಂತಿರ್ಬೇಕು, ಅದ್ಮಿನಿಸ್ತಾಸಿಯೋನ್ ಅಂತಿದೆ. ಇಂಜಿನಿಯರಿಗೆ ಫೋನ್ ಮಾಡ್ದೆ. ಕಾರ್ಯಕಾರಿ ಮಂಡಳಿ ಒಪ್ಪಿರೋದು ಹೀಗೇ, ನೀನು ಕೈ ಹಾಕ್ಬೇಡ ಅಂದ್ರು. ನಿಮ್ದಕ್ಕೆ ಯಾರ ಅಪ್ಪಣೆ ಬೇಕು? ಸರಿ ಮಾಡ್ತೀನಿ."

ಹತ್ತು ನಿಮಿಷದಲ್ಲಿ ಕೆಲಸ ಮುಗಿಯಿತು. ಪತ್ರ ಇನ್ನೂ ಬೆಚ್ಚಗಿತ್ತು. ನೆಲಿದಾ ಮಹಾಸಭೆಗೆ ಹೋಗದೆ ನೇರ ಬಸ್ ನಿಲ್ದಾಣಕ್ಕೆ ನಡೆದಳು.

ತಾರಿಹಾದಲ್ಲಿ ಬಡ್ತಿ ಸಮಿತಿ ಕುಳಿತದ್ದು ಒಂದು ತಿಂಗಳ ಮೇಲೆ. ಅದರ ಮುಖ್ಯಸ್ಥರು ಡೀನ್ ರುಯಿಲೋಬಾ. ಅವರು ನೆಲಿದಾಳನ್ನು ಕರೆಸಿ, ಮೇಜಿನ ಮೇಲೆ ಎರಡು ಪ್ರಮಾಣಪತ್ರಗಳನ್ನು ಪಕ್ಕಪಕ್ಕದಲ್ಲಿಟ್ಟರು. ಒಂದು ಅವರದು, ಒಂದು ಅವಳದು.

"ಡಾಕ್ಟ್ರೇ, ನೋವಾಗುತ್ತೆ, ಆದ್ರೂ ಕೇಳ್ಬೇಕು. ಇದೆಲ್ಲಿ ಮಾಡಿಸಿದ್ರಿ?"

"ಅಂದ್ರೆ?"

"ನನ್ನದ್ರಲ್ಲಿ ಸಂಘದ ಹೆಸರು ಒಂದು ಥರ ಇದೆ, ನಿಮ್ಮದ್ರಲ್ಲಿ ಇನ್ನೊಂದು ಥರ. ಸೂಕ್ರೆಗೆ ಹೋಗಿದ್ದ ಇನ್ನೂ ಮೂರು ಜನರದ್ದು ತರಿಸಿ ನೋಡಿದೆ. ಎಲ್ಲಾ ನನ್ನದರ ಹಾಗೇ ಇವೆ."

"ಸಾರ್, ನಿಮ್ಮದ್ರಲ್ಲಿ ಅಕ್ಷರ ತಪ್ಪಿದೆ. ನನ್ನದು ಸರಿಯಾಗಿದೆ."

"ಅದೇ ನಾನು ಹೇಳ್ತಿರೋದೂ," ಎಂದರು ಡೀನ್, ಬಹಳ ಮೃದುವಾಗಿ. "ಸರಿಯಾಗಿದೆ. ಅದೇ ಅನುಮಾನ."

ನೆಲಿದಾ ಎಲ್ಲವನ್ನೂ ಬಿಡದೆ ಹೇಳಿದಳು: ಪಟ್ಟಿ, ಅಧ್ಯಕ್ಷರು, ಉಬಾಲ್ದೋ. ಹೇಳಿದಷ್ಟೂ ಸಮಿತಿಯವರ ಹುಬ್ಬು ಮೇಲೇರಿತು. ನೀವು ಆ ಹೊತ್ತಿಗೆ ಹೋಟೆಲಿನಲ್ಲಿ ಮಲಗಿದ್ದಿರಲ್ಲ ಎಂಬ ಮಾತು ನಾಲಗೆಯ ತುದಿಗೆ ಬಂದಿತ್ತು, ನುಂಗಿಕೊಂಡಳು. ಪತ್ರ ಅಸಲಿ ಎಂದು ಸಂಘದಿಂದಲೇ ಬರೆಸಿ ತರಬೇಕು, ಇಲ್ಲದಿದ್ದರೆ ಶಿಸ್ತುಕ್ರಮ ಎಂದಾಯಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಸಾಲದ್ದಕ್ಕೆ ಕಳ್ಳಿಯ ಪಟ್ಟ ಬೇರೆ. ಕಾಲೇಜಿನ ಕಾಫಿ ಕೋಣೆಯಲ್ಲಿ ಅವಳು ಕಾಲಿಟ್ಟರೆ ಮಾತು ನಿಲ್ಲುತ್ತಿತ್ತು.

ಅಂದೇ ಅವಳು ಸಂಘಕ್ಕೆ ಬರೆದಳು. ಉತ್ತರವಿಲ್ಲ. ಎರಡು ಸಲ ನೆನಪಿಸಿದಳು. ಮೂರನೆಯ ತಿಂಗಳಿಗೆ ಫೋನು ಮಾಡಿದಾಗ ಇಂಜಿನಿಯರ್ ಸೆನೋನ್, "ನಿಮ್ಮ ಅರ್ಜಿ ಸಂಬಂಧಪಟ್ಟ ಸಮಿತಿಗೆ ಹೋಗ್ತಾ ಇದೆ ಮೇಡಂ," ಎಂದರು. ಹೋಗುತ್ತಲೇ ಇತ್ತು. ಐದನೆಯ ತಿಂಗಳಿಗೆ ಸಂಘದ ಮುದ್ರೆ ಹೊತ್ತ ದಪ್ಪ ಲಕೋಟೆಯೊಂದು ಕಾಲೇಜಿಗೆ ಬಂತು. ಮೇಲೆ ಹೀಗೆ ಬರೆದಿತ್ತು: 'ಪ್ರಮಾಣಪತ್ರ ವ್ಯವಹಾರಗಳ ಸಮಿತಿಯ ಸಂಚಾಲಕರಾದ ಡಾಕ್ಟರ್ ನೆಲಿದಾ ವಿಲ್ತೆ ಅವರಿಗೆ.' ಒಳಗೆ ಅವಳದೇ ಅರ್ಜಿ, ಮೇಲೊಂದು ಸಾಲು: 'ಸೂಕ್ತ ಕ್ರಮಕ್ಕಾಗಿ.'

ಅವಳು ಬಿಟ್ಟುಬಂದ ಮಹಾಸಭೆಯಲ್ಲಿ ಅವಳನ್ನೇ ಸಂಚಾಲಕಿಯನ್ನಾಗಿ ಆರಿಸಿದ್ದರು. ಬೇಡವೆನ್ನುವವರು ಅಲ್ಲಿರಲಿಲ್ಲವಾದ್ದರಿಂದ ಆಯ್ಕೆ ಅವಿರೋಧ. ಅವಳಿಗೆ ತಿಳಿಸುವುದು ಮಾತ್ರ ಯಾರ ಪಟ್ಟಿಯಲ್ಲೂ ಇರಲಿಲ್ಲ.

ಅವಳು ಫೋನು ಎತ್ತಿದಳು.

"ಇಂಜಿನಿಯರ್ ಸಾಹೇಬ್ರೇ, ಅರ್ಜಿ ಹಾಕಿದ ನೆಲಿದಾನೇ ನಾನು. ನನ್ನ ಕಾಗದ ನಾನೇ ಅಸಲಿ ಅಂತ ಬರ್ಕೊಳ್ಳೋದಾ?"

ಆ ಕಡೆ ಕಾಗದ ಮಗುಚುವ ಸದ್ದು ಕೇಳಿಸಿತು.

"ಇನ್ನೂ ಸುಲಭ ಆಯ್ತಲ್ಲ ಮೇಡಂ. ಅರ್ಜಿದಾರರನ್ನ ಕರೆಸಿ ವಿಚಾರಿಸೋ ಕೆಲಸ ಉಳೀತು."

"ಬೇರೆ ಯಾರಾದ್ರೂ ಬರೀಬಹುದಲ್ಲ? ಅಧ್ಯಕ್ಷರು?"

"ಅಧ್ಯಕ್ಷರಿಗೆ ಅಧಿಕಾರ ಇಲ್ಲ. ಅಧಿಕಾರ ಪೂರ್ತಿ ಸಮಿತಿಗೇ ಕೊಟ್ಟಾಗಿದೆ. ಅವರೇ ಭಾಷಣ ಮಾಡಿ ಕೊಟ್ರು."

ನೆಲಿದಾ ಫೋನಿಟ್ಟು ಬಹಳ ಹೊತ್ತು ಕಿಟಕಿಯ ಬಳಿ ನಿಂತಳು. ತಪ್ಪೆನಿಸುತ್ತಿತ್ತು, ಆದರೆ ಯಾವ ಸುಳ್ಳನ್ನು ಬರೆಯಬೇಕಾಗಿದೆ ಎಂದು ಹುಡುಕಿದರೆ ಒಂದೂ ಸಿಗಲಿಲ್ಲ. ಗೋಷ್ಠಿಯ ಅಧ್ಯಕ್ಷೆಗೆ ಪತ್ರ ಹಾಕಿ, ತಾನು ಮಂಡಿಸಿದ್ದು ನಿಜವೆಂದು ಎರಡು ಸಾಲು ತರಿಸಿಕೊಂಡಳು. ಅದು ಕೈಸೇರಿದ ದಿನ ಕಾಗದದ ಮೇಲೆ ಬರೆದಳು: 'ಡಾಕ್ಟರ್ ನೆಲಿದಾ ವಿಲ್ತೆ ಪ್ರಬಂಧ ಮಂಡಿಸಿದ್ದಕ್ಕೆ ಸಾಕ್ಷಿ ಲಗತ್ತಿಸಿದೆ. ಅವರ ಪ್ರಮಾಣಪತ್ರದಲ್ಲಿ ಸಂಘದ ಹೆಸರು ಸರಿಯಾಗಿದೆ. ಆ ವರ್ಷದ ಮಿಕ್ಕ ಪ್ರಮಾಣಪತ್ರಗಳಲ್ಲಿ ಇರುವ ಹೆಸರಿನ ಸಂಘ ಯಾವುದೆಂದು ಈ ಸಮಿತಿಗೆ ತಿಳಿದಿಲ್ಲ.' ಸಹಿ ಹಾಕಿ, ಅದರ ಒಂದು ಪ್ರತಿಯನ್ನು ಬಡ್ತಿ ಸಮಿತಿಗೆ ಕೊಟ್ಟಳು.

ಬಡ್ತಿ ಆ ವಾರವೇ ಮಂಜೂರಾಯಿತು. ಸಮಿತಿಯಲ್ಲಿ ಯಾರೂ ಒಂದು ಪ್ರಶ್ನೆ ಕೇಳಲಿಲ್ಲ. ಮೂರನೆಯ ವಾಕ್ಯವನ್ನು ಓದಿದ ಮೇಲೆ ಎಲ್ಲರಿಗೂ ತಂತಮ್ಮ ಕಡತದಲ್ಲಿದ್ದ ಸೂಕ್ರೆಯ ಪತ್ರದ ಚಿಂತೆ ಹತ್ತಿತ್ತು. ಮಾರನೆಯ ದಿನ ಡೀನ್ ರುಯಿಲೋಬಾ ಅವಳ ಕೋಣೆಗೆ ತಾವೇ ಬಂದರು. ಹನ್ನೊಂದು ವರ್ಷದಲ್ಲಿ ಅದೇ ಮೊದಲು. ಕೈಯಲ್ಲಿ ಸಿಂಗಾನಿ ಎಂಬ ದ್ರಾಕ್ಷಿಮದ್ಯದ ಒಂದು ಬಾಟಲಿಯಿತ್ತು.

"ಅಭಿನಂದನೆ ನೆಲಿದೀತಾ," ಎಂದು ಮುದ್ದಿನ ಹೆಸರು ಹಿಡಿದು ಕರೆದರು. " ನನಗೆ ಮೊದಲಿಂದ್ಲೂ ಗೊತ್ತಿತ್ತು, ಅದು ಅಸಲೀನೇ ಅಂತ. ಸಮಿತಿ ಅಂದ್ಮೇಲೆ ಕೇಳೋದು ಕೇಳ್ಲೇಬೇಕಲ್ಲ, ಬೇಜಾರು ಮಾಡ್ಕೋಬೇಡ."

"ಕೂತ್ಕೊಳ್ಳಿ ಸಾರ್."

ಅವರು ಕುಳಿತರು. ಬಾಟಲಿಯನ್ನು ಮೇಜಿನ ಮೇಲಿಟ್ಟರು, ಸ್ವಲ್ಪ ಅವಳ ಕಡೆಗೆ ಸರಿಸಿದರು.

"ನನ್ನದೂ ಒಂದಿದೆಯಲ್ಲ, ಆ ಅಕ್ಷರ ಬಿಟ್ಟುಹೋಗಿರೋದು. ಅದನ್ನ ಬದಲಾಯಿಸಿಕೊಡೋದು ಈಗ ನಿನ್ನ ಕೈಲೇ ಇದೆಯಂತೆ."

"ಹೌದು ಸಾರ್. ಬಹಳ ಸರಳ ಮಾಡಿದೀನಿ. ಮಂಡಿಸಿದ ಪ್ರಬಂಧದ ಒಂದು ಪ್ರತಿ, ಗೋಷ್ಠಿ ಅಧ್ಯಕ್ಷರ ಎರಡು ಸಾಲು. ಬಂದ ದಿನಾನೇ ಹೊಸ ಪ್ರಮಾಣಪತ್ರ."

ಡೀನ್ ಅವಳ ಮುಖವನ್ನೇ ನೋಡಿದರು. ತಮಾಷೆ ಮಾಡುತ್ತಿದ್ದಾಳೆಯೇ ಎಂದು ಹುಡುಕಿದಂತಿತ್ತು.

"ಪ್ರಬಂಧಾನೂ ಬೇಕಾ?" ಎಂದರು.