ಕೊನೆಗೆ ತಿಳಿದವಳು

ಹಿಟ್ಟಿನ ತುಂಡುಗಳು ಎಣ್ಣೆಯಲ್ಲಿ ಉಬ್ಬಿ ಮೇಲೆ ಬರುತ್ತಿದ್ದವು. ಬುರುಲ್ ಅವನ್ನು ಜಾಲರಿ ಸೌಟಿನಲ್ಲಿ ತೆಗೆದು ಬಟ್ಟೆಯ ಮೇಲೆ ಸುರಿಯುತ್ತಿದ್ದಳು. ನಾಡಿದ್ದು, ಗುರುವಾರ, ಮೈದುನನ ಮದುವೆ. ಮನೆಯ ಹಿರಿ ಸೊಸೆ ಅವಳು. ಹಿಟ್ಟು ನಾದುವುದರಿಂದ ಹಿಡಿದು ಬೀಗರಿಗೆ ಹಾಸುವ ಕಂಬಳಿಯ ತನಕ ಎಲ್ಲ ಅವಳ ತಲೆಯ ಮೇಲೆಯೇ.

ಪಕ್ಕದಲ್ಲಿ ನಾದಿನಿ ಮೀರಿಮ್ ಹಿಟ್ಟು ಕತ್ತರಿಸುತ್ತಿದ್ದಳು. ಊರಿನ ಆಸ್ಪತ್ರೆಯಲ್ಲಿ ಅವಳು ನರ್ಸ್. ಇಬ್ಬರಿಗೂ ಹೆಚ್ಚುಕಡಿಮೆ ಒಂದೇ ವಯಸ್ಸು, ಆರು ವರ್ಷದ ಗೆಳೆತನ.

"ನೀನು ಕತ್ತರಿಸೋದು ನೋಡಿದ್ರೆ ಯಾರಿಗೋ ಆಪರೇಷನ್ ಮಾಡೋ ಹಾಗಿದೆ," ಎಂದಳು ಬುರುಲ್. "ಬೀಗರು ಇದನ್ನ ತಿಂದ್ರೆ ನಿನ್ನನ್ನ ಯಾವ ಸಂಬಂಧಕ್ಕೂ ಕೇಳಲ್ಲ ಬಿಡು."

"ಒಳ್ಳೇದೇ ಆಯ್ತು. ನಿನ್ನ ಕೈರುಚಿ ನಂಬಿ ನಮ್ಮಣ್ಣನ ಹೊಟ್ಟೆ ಏನಾಗಿದೆ ನೋಡು."

"ಅದು ನಂದಲ್ಲ, ನಮ್ಮವ್ವನ ಕೈರುಚಿ. ಹಿಟ್ಟಿಗೆ ಚೂರು ಹುಳಿ ಕೆನೆ ಹಾಕ್ತಾಳೆ. ಮದುವೆ ಮುಗಿದ ಮೇಲೆ ನಾಲ್ಕು ದಿನ ಹೋಗಿ ಬರ್ತೀನಿ ಮೀರಿಮ್. ಮಂಡಿ ನೋವು ಅಂತಿದ್ಲು. ನೀನೂ ಬಂದು ಒಂದು ಔಷಧಿ ಹೇಳು."

ಬುರುಲಳ ತವರು ಘಾಟಿಯಾಚೆ, ಕಾರಿನಲ್ಲಿ ನಾಲ್ಕು ಗಂಟೆಯ ದಾರಿ. ಇಬ್ಬರು ಅಣ್ಣಂದಿರಿಗೆ ಒಬ್ಬಳೇ ತಂಗಿ.

ಅಷ್ಟರಲ್ಲಿ ಮೀರಿಮಳನ್ನು ಒಳಗಿನ ಕೋಣೆಗೆ ಕರೆದರು. ತಂದೆ ಕಿದಿರ್‌ಬಾಯಿ ತಲೆಯ ಬಿಳಿ ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದರು. ಪಕ್ಕದಲ್ಲಿ ತಾಯಿ ಶಾರ್‌ಕಾನ್. ಬುರುಲಳ ಗಂಡ ತಾಲಾಯ್ ಕಿಟಕಿಯ ಕಡೆ ಮುಖ ಮಾಡಿ ನಿಂತಿದ್ದ.

"ಬುರುಲಳ ತಾಯಿ ಬೆಳಿಗ್ಗೆ ತೀರಿಕೊಂಡ್ರು," ಎಂದರು ಕಿದಿರ್‌ಬಾಯಿ. "ಮಣ್ಣು ಗುರುವಾರ ಮಧ್ಯಾಹ್ನ."

"ಹಾಗಾದ್ರೆ ಕಾರು ಹೊರಡಿಸಿ. ಸಂಜೆಗೆ ಮುಟ್ತಾಳೆ."

"ಮೊದಲು ಬಾಗಿಲು ಹಾಕು. ಮದುವೆ ಮುಗಿಯೋ ತನಕ ಅವಳಿಗೆ ಗೊತ್ತಾಗಬಾರದು. ಅವಳ ಅಣ್ಣನೇ ಹೇಳಿದ, ನಿಮ್ಮ ಶುಭಕಾರ್ಯ ಆಗಲಿ, ಆಮೇಲೆ ಹಿರಿಯರು ಕೂತು ತಿಳಿಸಿ ಅಂತ."

"ಅವಳ ಹೆತ್ತತಾಯಿ ಅಪ್ಪ. ಮುಖ ನೋಡೋದು ಬೇಡ್ವಾ?"

"ನೋಡಿದ್ರೆ ಸತ್ತವರು ಎದ್ದು ಬರ್ತಾರಾ? ಇನ್ನೂರು ಜನ ಬರೋರಿದ್ದಾರೆ. ಹಿರಿ ಸೊಸೆ ಅಳ್ತಾ ಹೋದ ಮನೆಗೆ ಹೊಸ ಹುಡುಗಿ ಕಾಲಿಡಬೇಕಾ? ಒಂದು ಮನೆ ಅಂದ್ಮೇಲೆ ಒಬ್ಬರ ದುಃಖ ಹತ್ತು ಜನ ಹಂಚ್ಕೋಬೇಕು. ಮೂರು ದಿನ ಅವಳ ಭಾರ ನಾವು ಹೊರ್ತೀವಿ. ತಪ್ಪೇನು?"

"ಅವಳಿಗೇ ಹೇಳದೆ ಅವಳ ಭಾರ ಹೊರೋಕೆ ನಾವ್ಯಾರು? ಕೇಳಿ ನೋಡಿ. ಮದುವೆ ಮುಗಿಸಿಯೇ ಹೋಗ್ತೀನಿ ಅಂದ್ರೂ ಅನ್ನಬಹುದು. ಆದ್ರೆ ಅದು ಅವಳ ಬಾಯಿಂದ ಬರಬೇಕಾದ ಮಾತು."

"ನಾಲ್ಕಕ್ಷರ ಕಲಿತವರ ಬಾಯಲ್ಲಿ ಬರೀ ನಾನು, ನನ್ನದು," ಎಂದರು ಶಾರ್‌ಕಾನ್. "ನಮ್ಮಪ್ಪ ಸತ್ತದ್ದು ನನಗೆ ಹೇಳಿದ್ದು ಹನ್ನೊಂದನೇ ದಿನ. ಕುರಿ ಉಣ್ಣೆ ಕತ್ತರಿಸೋ ಕಾಲ, ಮನೇಲಿ ಕೈ ಬೇಕಿತ್ತು. ನಾನೇನು ಸತ್ತುಹೋದ್ನಾ?" ಹೀಗೆನ್ನುತ್ತ ಆಕೆ ಮಡಿಲಲ್ಲಿದ್ದ ಕರವಸ್ತ್ರವನ್ನು ಮಡಚಿ, ಬಿಚ್ಚಿ, ಮತ್ತೆ ಮಡಚಿದರು.

ಕುರಿ ಸಾಕುವ ಆ ಬೆಟ್ಟದ ನಾಡಿನಲ್ಲಿ ಸಾವಿನ ಸುದ್ದಿಯನ್ನು ಯಾರೂ ದಾರಿಯಲ್ಲಿ ನಿಲ್ಲಿಸಿ ಹೇಳಿಬಿಡುವುದಿಲ್ಲ. ಹಿರಿಯರು ಮನೆಗೆ ಬಂದು, ಸುತ್ತ ಕುಳಿತು, ಹೆಗಲ ಮೇಲೆ ಕೈಯಿಟ್ಟು ಮೆಲ್ಲಗೆ ತಿಳಿಸುತ್ತಾರೆ. ಅದರಲ್ಲಿ ಕರುಣೆಯಿದೆ, ಇಲ್ಲವೆಂದರೆ ನಾಲಿಗೆ ಬಿದ್ದೀತು. ಆದರೆ ಯಾವತ್ತು ಹೇಳಬೇಕೆಂದು ತೀರ್ಮಾನಿಸುವವರೂ ಆ ಹಿರಿಯರೇ. ಕರುಣೆ ಎಲ್ಲಿ ಮುಗಿಯಿತು, ಅನುಕೂಲ ಎಲ್ಲಿ ಶುರುವಾಯಿತು ಎಂದು ಯಾರೂ ಅವರನ್ನು ಕೇಳುವುದಿಲ್ಲ.

ಮೀರಿಮ್ ಕೂಡ ಅದಕ್ಕಿಂತ ಹೆಚ್ಚು ಕೇಳಲಿಲ್ಲ. ಓದುವವರು ಇಲ್ಲಿ ಅವಳನ್ನು ಬೈದುಕೊಂಡರೆ ತಪ್ಪಿಲ್ಲ. ನ್ಯಾಯ ಗೊತ್ತಿದ್ದೂ ಸುಮ್ಮನಿರುವುದನ್ನೇ ನಮ್ಮ ಮನೆಗಳು ಹೆಣ್ಣುಮಕ್ಕಳಿಗೆ ಮೊದಲು ಕಲಿಸುವುದು. ಅವಳು ಅಡುಗೆಮನೆಗೆ ಹಿಂತಿರುಗಿ ಚಾಕು ಕೈಗೆತ್ತಿಕೊಂಡಳು.

ನೆಂಟರಿಗೆ ಫೋನ್ ಮಾಡಬೇಕೆಂದು ಹೇಳಿ ತಾಲಾಯ್ ಹೆಂಡತಿಯ ಫೋನನ್ನು ತನ್ನ ಜೇಬಿಗೆ ಇಳಿಸಿಕೊಂಡ. ಸಂಜೆಯೊಳಗೆ ಊರಿಗೆಲ್ಲ ಸುದ್ದಿ ಹರಡಿತು. ಕೆನೆಯ ಗಡಿಗೆ ತಂದ ಹೆಂಗಸು ಬುರುಲಳನ್ನು ತಬ್ಬಿ ಬಿಡಲೇ ಇಲ್ಲ. ನೆರೆಮನೆಯ ಮುದುಕಿ ಅವಳ ತಲೆ ಸವರಿ ಬೇಗ ಬೇಗ ಹೊರಟುಹೋದಳು.

"ಇವತ್ತು ಎಲ್ಲರಿಗೂ ನನ್ನ ಮೇಲೆ ಎಷ್ಟು ಪ್ರೀತಿ ನೋಡು," ಎಂದಳು ಬುರುಲ್. "ಅವ್ವನಿಗೆ ಹೇಳ್ಬೇಕು. ಫೋನ್ ವಾಪಸ್ ಸಿಗ್ಲಿ."

ಮೀರಿಮ್ ತಲೆ ಬಗ್ಗಿಸಿ ಹಿಟ್ಟು ಕತ್ತರಿಸುತ್ತಲೇ ಇದ್ದಳು. ಬುಧವಾರ ಎರಡು ಸಲ ಹೇಳಲು ಹೋದಳು. ಒಮ್ಮೆ ತಾಯಿ ಅಡ್ಡ ಬಂದರು. ಇನ್ನೊಮ್ಮೆ ಯಾರೂ ಅಡ್ಡ ಬರಲಿಲ್ಲ, ಅವಳಿಗೇ ಧೈರ್ಯ ಸಾಲಲಿಲ್ಲ.

ಗುರುವಾರ ಮಧ್ಯಾಹ್ನ ಮದುಮಗಳು ಐದಾಯ್ ಬಂದಳು. ಅವಳ ತಲೆಗೆ ಬಿಳಿ ವಸ್ತ್ರ ಹೊದಿಸಿ ಪರದೆಯ ಹಿಂದೆ ಕೂರಿಸಿದರು. ಎದುರುಗೊಳ್ಳುವ ಹಾಡು ಹಾಡಬೇಕಾದವಳು ಹಿರಿ ಸೊಸೆ. ಬುರುಲಳದು ತುಂಬು ಕಂಠ. 'ತಾಯಿಯ ಮಡಿಲು ಬಿಟ್ಟು ಬಂದ ಮಗಳೇ, ಇಲ್ಲೂ ನಿನಗೊಂದು ಮಡಿಲಿದೆ' ಎಂದು ಅವಳು ಹಾಡಿದಾಗ ಹೆಂಗಸರೆಲ್ಲ ಬಿಕ್ಕಿದರು. ತನ್ನ ಹಾಡು ಚೆನ್ನಾಗಿ ಬಂತೆಂದು ಅವಳು ಹಿಗ್ಗಿದಳು. ಮೀರಿಮ್ ಗೋಡೆಯ ಗಡಿಯಾರ ನೋಡಿದಳು. ಒಂದೂವರೆ. ಘಾಟಿಯಾಚೆ, ಹೆಣ ಮಲಗಿಸಲೆಂದೇ ಹಾಕುವ, ಮಗಳು ಕುಳಿತು ಹಾಡಿಕೊಂಡು ಅಳಬೇಕಾದ ದುಂಡು ಡೇರೆಯಿಂದ ಹೆಣ ಎತ್ತುವ ಹೊತ್ತು.

ಶುಕ್ರವಾರ ಬೆಳಿಗ್ಗೆ ಹಿರಿಯರು ಏಳೆಂಟು ಮಂದಿ ಬಂದು ಕುಳಿತರು. ಮದುವೆ ಚೆನ್ನಾಯಿತೆಂದು ಹೇಳಲು ಬಂದಿದ್ದಾರೆಂದುಕೊಂಡು ಬುರುಲ್ ಚಹಾ ಬಗ್ಗಿಸತೊಡಗಿದಳು. ಇಬ್ಬರು ಹೆಂಗಸರು ಮೆಲ್ಲಗೆ ಅವಳ ಎಡಬಲಕ್ಕೆ ಬಂದು ಕೂತರು.

"ಮಗಳೇ," ಎಂದ ಅವರಲ್ಲೊಬ್ಬ ಹಿರಿಯ, "ಸಂಜೆಯಾಗದ ಹಗಲಿಲ್ಲ, ಬರಿದಾಗದ ಗೂಡಿಲ್ಲ. ಗಟ್ಟಿಯಾಗಿರು. ನಿಮ್ಮವ್ವ ಹೋದ್ರು."

ಹೆಂಗಸರು ಅವಳ ತೋಳು ಹಿಡಿದುಕೊಂಡರು. ಅವಳು ಕಿರುಚಲಿಲ್ಲ.

"ಯಾವತ್ತು?"

ಹಿರಿಯ ಚಹಾದ ಬಟ್ಟಲಿಗೆ ಕೈ ಹಾಕಿದ. ಕೊನೆಗೆ ಮೀರಿಮ್, "ಮಂಗಳವಾರ ಬೆಳಿಗ್ಗೆ," ಎಂದಳು.

"ಮಣ್ಣು?"

"ನಿನ್ನೆ ಮಧ್ಯಾಹ್ನ."

"ನಾನು ಹಾಡ್ತಾ ಇದ್ನಲ್ಲ," ಎಂದಳು ಬುರುಲ್. ಸುತ್ತ ಕುಳಿತವರನ್ನು ಒಬ್ಬೊಬ್ಬರನ್ನಾಗಿ ನೋಡುತ್ತ ಬಂದು ಅವಳ ಕಣ್ಣು ನಾದಿನಿಯ ಮೇಲೆ ನಿಂತಿತು. "ನಿಂಗೂ ಗೊತ್ತಿತ್ತಾ?"

ಮೀರಿಮ್ ಹೌದೆಂದು ತಲೆಯಾಡಿಸಿದಳು.

ತವರಿಗೆ ಹೋದಾಗ ಬುರುಲಳಿಗೆ ಸಿಕ್ಕಿದ್ದು ಹಸಿ ಮಣ್ಣಿನ ದಿಬ್ಬ. ಡೇರೆಯನ್ನೂ ಬಿಚ್ಚಿಬಿಟ್ಟಿದ್ದರು, ಅದು ನಿಂತಿದ್ದಲ್ಲಿ ಹುಲ್ಲು ದುಂಡಗೆ ಒರಗಿತ್ತು. ಅವಳು ಅದರ ನಡುವೆ ಕುಳಿತು ತಾಯಿಯ ಹೆಸರು ಹಿಡಿದು ಹಾಡಲು ನೋಡಿದಳು, ದನಿ ಹೊರಡಲಿಲ್ಲ. ಮರಳಿ ಬಂದು ಹಿಂದಿನ ಹಾಗೆಯೇ ಹಿಟ್ಟು ನಾದಿದಳು, ಅತ್ತೆಮಾವನಿಗೆ ತಗ್ಗಿ ಬಗ್ಗಿ ನಡೆದಳು. ಹಾಡು ಮಾತ್ರ ಆ ಮನೆಯಲ್ಲಿ ಮತ್ತೆ ಕೇಳಲಿಲ್ಲ. ಮೀರಿಮಳನ್ನು ತಮಾಷೆ ಮಾಡುವುದನ್ನೂ ಬಿಟ್ಟಳು.

ಮಾರನೆಯ ವರ್ಷ ಆಲೂಗಡ್ಡೆ ಕೀಳುವ ಕಾಲಕ್ಕೆ ಐದಾಯಳ ತವರಿನಿಂದ ಫೋನ್ ಬಂತು. ಅವಳ ತಂದೆ ಹೋಗಿದ್ದರು. ಅದೇ ಕೋಣೆ, ಅದೇ ಮುಚ್ಚಿದ ಬಾಗಿಲು.

"ಆರು ತಿಂಗಳ ಬಸುರಿ," ಎಂದರು ಕಿದಿರ್‌ಬಾಯಿ. "ಹೊಟ್ಟೆಯಲ್ಲಿರೋ ಕೂಸಿಗೆ ಏನಾದ್ರೂ ಆದ್ರೆ? ಈಗ ಬೇಡ."

"ಅದಕ್ಕೇ ನಾನಿದ್ದೀನಿ, ಅವಳ ಜೊತೆಗೇ ಹೋಗ್ತೀನಿ," ಎಂದಳು ಮೀರಿಮ್. "ಎಲ್ಲರೂ ಸುತ್ತ ಕೂತೇ ಹೇಳೋಣ ಅಪ್ಪ, ಹೆಗಲೂ ಹಿಡಿಯೋಣ. ಆದ್ರೆ ಇವತ್ತೇ ಹೇಳೋಣ. ನೀವು ಬರ್ತೀರಾ?"

ಯಾರೂ ಏಳಲಿಲ್ಲ. ಅವಳು ಒಬ್ಬಳೇ ಹೊಲಕ್ಕೆ ಹೋದಳು. ಐದಾಯಳನ್ನು ಚೀಲದ ಮೇಲೆ ಕೂರಿಸಿ ಅವಳ ಮಣ್ಣುಗೈಗಳನ್ನು ಹಿಡಿದುಕೊಂಡಳು. ಬುರುಲ್ ಗುದ್ದಲಿ ಊರಿ ನಿಂತು ನೋಡುತ್ತಿದ್ದಳು.

"ಐದಾಯ್, ನಿಮ್ಮಪ್ಪ ಇವತ್ತು ಬೆಳಿಗ್ಗೆ ತೀರಿಕೊಂಡ್ರು. ಮಣ್ಣು ನಾಡಿದ್ದು. ಹೋಗೋದೋ ಇರೋದೋ, ನೀನು ಹೇಳಿದ ಹಾಗೆ."

ಹುಡುಗಿ ಅವಳ ಎದೆಗೆ ಮುಖವೊತ್ತಿ ಅತ್ತಳು. ಬಹಳ ಹೊತ್ತಿನ ಮೇಲೆ, "ಹೋಗ್ತೀನಿ," ಎಂದಳು.

ಮೀರಿಮ್ ಫೋನ್ ಮಾಡಿ ಕರೆಸಿದ ಬಾಡಿಗೆ ಕಾರು ಹೊಲದ ಅಂಚಿಗೆ ಬಂತು. ಶಾರ್‌ಕಾನ್ ಸಾಲುಗಳನ್ನು ದಾಟಿಕೊಂಡು ಬರುವುದು ಕಂಡಾಗ ಮೀರಿಮ್ ಬೈಗುಳಕ್ಕೆ ಸಿದ್ಧಳಾದಳು. ಆಕೆ ಯಾರ ಮುಖವನ್ನೂ ನೋಡದೆ ತಮ್ಮ ದಪ್ಪ ಕೋಟನ್ನು ಕಿರಿ ಸೊಸೆಯ ಹೆಗಲಿಗೆ ಹಾಕಿದರು. "ದಾರೀಲಿ ಚಳಿ," ಎಂದಷ್ಟೇ ಹೇಳಿ ಹಿಂದಿರುಗಿದರು.

ಬುರುಲ್ ಕೈಯ ಮಣ್ಣು ಕೊಡವಿ ಐದಾಯಳ ಪಕ್ಕದಲ್ಲಿ ಹತ್ತಿ ಕೂತಳು. ಮುಂದಿನ ಸೀಟಿನಲ್ಲಿದ್ದ ಮೀರಿಮಳಿಗೆ ಒಂದು ವರ್ಷದ ಮೇಲೆ ಅವಳ ಹಳೆಯ ದನಿ ಕೇಳಿಸಿತು.

"ಇಷ್ಟೇ ಮಾತು ಅಲ್ವಾ ಮೀರಿಮ್," ಎಂದಳು ಬುರುಲ್. "ಅವತ್ತೂ ಇಷ್ಟೇ ಸಾಕಿತ್ತು."